ಆಟ ಎಲ್ಲಿ ಅಡಗಿ ಕೂತಿದೆ? ಬೀಟ್ ಸೇಬರ್‌ನ ವಿಳಾಸ ಹುಡುಕೋಣ ಬನ್ನಿ



ಮೈಕಿನ ಮುಂದೆ ಕೂತಾಗ ನನ್ನ ಕೆಲಸ ಸುಲಭ. ಹಾಡು ಹಾಕುತ್ತೇನೆ, ನಾಲ್ಕು ಮಾತಾಡುತ್ತೇನೆ, ನೀವು ಅಡುಗೆಮನೆಯಲ್ಲೋ, ಲೋಕಲ್ ಟ್ರೈನಿನಲ್ಲೋ ಕೇಳಿಸಿಕೊಳ್ಳುತ್ತೀರಿ. ಆದರೆ ಕೆಲವು ಪ್ರಶ್ನೆಗಳಿಗೆ ಎರಡು ಹಾಡುಗಳ ನಡುವಿನ ಒಂದೂವರೆ ನಿಮಿಷ ಸಾಲುವುದಿಲ್ಲ. ಅಂಥ ಪ್ರಶ್ನೆಗಳನ್ನು ಈ ಪುಟಕ್ಕೆಂದೇ ಎತ್ತಿಟ್ಟುಕೊಳ್ಳುತ್ತೇನೆ. ಈ ಬಾರಿಯ ಪ್ರಶ್ನೆ ಹಾಡಿನದೂ ಹೌದು, ಕಂಪ್ಯೂಟರಿನದೂ ಹೌದು.

ಪುಣೆಯ ಕೇಳುಗರೊಬ್ಬರು ಬರೆದಿದ್ದಾರೆ. ಮನೆಗೆ ವರ್ಚುವಲ್ ರಿಯಾಲಿಟಿ ಹೆಡ್‌ಸೆಟ್ ಬಂದಿದೆ. ಮಕ್ಕಳು 'ಬೀಟ್ ಸೇಬರ್' ಎಂಬ ಆಟಕ್ಕೆ ಅಂಟಿಕೊಂಡಿದ್ದಾರೆ. ಇವರ ಬಳಿ ತೀರಿಕೊಂಡ ತಂದೆಯವರು ಚೆಂಡೆ ಬಾರಿಸಿದ ಒಂದು ಹಳೆಯ ಕ್ಯಾಸೆಟ್ ಇದೆ. ಅದನ್ನು ಯಾರದೋ ಸಹಾಯದಿಂದ ಕಂಪ್ಯೂಟರಿಗೆ ಇಳಿಸಿಕೊಂಡಿದ್ದಾರೆ. 'ಆ ಚೆಂಡೆಯನ್ನು ಈ ಆಟದೊಳಗೆ ಹಾಕಬಹುದಂತೆ. ಮಕ್ಕಳು ಅಜ್ಜನ ತಾಳಕ್ಕೆ ಕೈ ಬೀಸಲಿ ಎಂಬ ಆಸೆ. ಆದರೆ ಆಟದ ಕಡತಗಳು ಎಲ್ಲಿವೆ ಎಂದೇ ತಿಳಿಯುತ್ತಿಲ್ಲ' ಎನ್ನುತ್ತಾರೆ.

ಎಂಥ ಒಳ್ಳೆಯ ಆಸೆ ನೋಡಿ! ಉತ್ತರ ಒಬ್ಬರಿಗೇ ಬರೆದು ಕಳಿಸುವ ಬದಲು ಎಲ್ಲರಿಗೂ ಉಪಯೋಗವಾಗಲಿ ಎಂದು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಆಟದ ಪರಿಚಯ

ಬೀಟ್ ಸೇಬರ್ ಹುಟ್ಟಿದ್ದು ಜೆಕ್ ದೇಶದ ಪ್ರಾಗ್ ನಗರದಲ್ಲಿ. ಯಾನ್ ಇಲಾವ್‌ಸ್ಕಿ ಮತ್ತು ವ್ಲಾದಿಮೀರ್ ಹ್ರಿಂಚಾರ್ ಎಂಬಿಬ್ಬರು ಇದನ್ನು ಕಟ್ಟಿದರು. ಸಂಗೀತಗಾರ ಯಾರೋಸ್ಲಾವ್ ಬೆಕ್ ಅವರ ಜೊತೆ ಸೇರಿದರು. 2018ರ ಮೇ 1ರಂದು ಪೂರ್ಣವಾಗದ ಆರಂಭಿಕ ರೂಪದಲ್ಲಿ ಇದು ಕಂಪ್ಯೂಟರುಗಳಿಗೆ ಬಂತು. 2019ರ ಮೇ ತಿಂಗಳಲ್ಲಿ ಪೂರ್ಣ ರೂಪ ಪಡೆಯಿತು. ಅದೇ ವರ್ಷದ ನವೆಂಬರಿನಲ್ಲಿ ಫೇಸ್‌ಬುಕ್ ಕಂಪನಿ ಈ ಪುಟ್ಟ ಸಂಸ್ಥೆಯನ್ನು ಕೊಂಡುಕೊಂಡಿತು. ಆ ಫೇಸ್‌ಬುಕ್ 2021ರಲ್ಲಿ ಮೆಟಾ ಎಂದು ಹೆಸರು ಬದಲಿಸಿಕೊಂಡಿದ್ದು ನಿಮಗೆ ಗೊತ್ತೇ ಇದೆ.

ಆಟ ಸರಳ. ಕಣ್ಣಿಗೆ ಹೆಡ್‌ಸೆಟ್, ಎರಡು ಕೈಯಲ್ಲಿ ಎರಡು ಬೆಳಕಿನ ಕತ್ತಿ, ಒಂದು ಕೆಂಪು, ಒಂದು ನೀಲಿ. ಹಾಡಿನ ತಾಳಕ್ಕೆ ಸರಿಯಾಗಿ ಬಣ್ಣದ ಚೌಕಗಳು ನಮ್ಮತ್ತ ತೇಲಿ ಬರುತ್ತವೆ. ಚೌಕದ ಮೇಲಿನ ಬಾಣ ತೋರಿಸುವ ದಿಕ್ಕಿಗೆ ಅದೇ ಬಣ್ಣದ ಕತ್ತಿಯಿಂದ ಕಡಿಯಬೇಕು. ತಾಳ ತಪ್ಪಿದರೆ ಅಂಕ ತಪ್ಪಿತು. ನಾಲ್ಕು ಹಾಡು ಆಡಿದರೆ ಬೆವರು ಕಿತ್ತು ಬರುತ್ತದೆ. ಮುಂಬಯಿಯ ಒಂದು ಬೆಡ್‌ರೂಮಿನ ಮನೆಯಲ್ಲಿ ಆಡುವವರು ಮಾತ್ರ ಟಿವಿಯನ್ನೂ ಫ್ಯಾನನ್ನೂ ಲೆಕ್ಕದಲ್ಲಿಟ್ಟುಕೊಂಡು ಕೈ ಬೀಸಬೇಕು!

ಆಟದ ಜೊತೆ ಬರುವ ಹಾಡುಗಳೆಲ್ಲ ಪಾಶ್ಚಾತ್ಯ ಧಾಟಿಯವು. ಹೆಚ್ಚಿನ ಹಾಡು ಬೇಕೆಂದರೆ ದುಡ್ಡು ಕೊಟ್ಟು ಕೊಳ್ಳಬೇಕು, ಅಲ್ಲಿಯೂ ನಮ್ಮ ಚೆಂಡೆ, ಡೊಳ್ಳು ಸಿಗುವುದಿಲ್ಲ. ಇಲ್ಲಿಯೇ 'ಮಾಡ್' ಎಂಬ ಮಾತು ಬರುವುದು. ಮಾಡಿಫಿಕೇಶನ್ ಎಂಬುದರ ಮೊಟಕು ರೂಪ ಅದು. ಅಂದರೆ ಮಾರ್ಪಾಡು. ಆಟದ ಮೂಲ ಕಡತಗಳ ಪಕ್ಕದಲ್ಲಿ ಹೊರಗಿನವರು ಬರೆದ ಸಣ್ಣ ತಂತ್ರಾಂಶಗಳನ್ನು ಇಟ್ಟು ಆಟಕ್ಕೆ ಹೊಸ ಗುಣ ಕೊಡುವುದು. ನಮ್ಮ ಸ್ವಂತ ಹಾಡು ಸೇರಿಸಲು ಬೀಟ್ ಸೇಬರ್‌ನಲ್ಲಿ ಸಾಮಾನ್ಯವಾಗಿ ಬಳಸುವ ಮಾಡ್‌ನ ಹೆಸರು 'ಸಾಂಗ್‌ಕೋರ್'.

ಮಾಡ್ ಎಲ್ಲಿ ಇಡಬೇಕು? ಆಟ ಇರುವ ಜಾಗದಲ್ಲಿ. ಆಟ ಎಲ್ಲಿದೆ? ಅದೇ ತಾನೇ ಇಂದಿನ ವಿಷಯ!

ಐಕಾನ್ ಬಾಗಿಲು ಮಾತ್ರ, ಮನೆಯಲ್ಲ

ನಮ್ಮಲ್ಲಿ ಬಹಳ ಜನ ಡೆಸ್ಕ್‌ಟಾಪ್ ಮೇಲೆ ಕಾಣುವ ಚಿತ್ರವನ್ನೇ ಆಟ ಎಂದುಕೊಂಡಿರುತ್ತಾರೆ. ಅದು ಶಾರ್ಟ್‌ಕಟ್ ಅಷ್ಟೇ. ಅಪಾರ್ಟ್‌ಮೆಂಟಿನ ಕೆಳಗೆ ಇರುವ ಕರೆಗಂಟೆಯ ಗುಂಡಿ ಇದ್ದ ಹಾಗೆ. ಗುಂಡಿ ಒತ್ತಿದರೆ ಏಳನೇ ಮಹಡಿಯ ಮನೆಯವರು ಓಗೊಡುತ್ತಾರೆ, ಆದರೆ ಆ ಗುಂಡಿಯೊಳಗೆ ಸೋಫಾ ಇಡಲು ಆಗುವುದಿಲ್ಲ. ಮಾಡ್ ಎಂಬ ಸಾಮಾನನ್ನು ಇಡಲು ನಾವು ಏಳನೇ ಮಹಡಿಗೇ ಹೋಗಬೇಕು.

ಕಂಪ್ಯೂಟರಿನಲ್ಲಿ ಪ್ರತಿ ಕಡತಕ್ಕೂ ಒಂದು ವಿಳಾಸ ಇರುತ್ತದೆ. ನಮ್ಮ ಅಂಚೆ ವಿಳಾಸ ಮನೆ ನಂಬರಿನಿಂದ ಶುರುವಾಗಿ ಊರು, ರಾಜ್ಯಕ್ಕೆ ಮುಗಿದರೆ ಕಂಪ್ಯೂಟರಿನದು ತಿರುವುಮುರುವು. ಮೊದಲು ರಾಜ್ಯ, ಆಮೇಲೆ ಜಿಲ್ಲೆ, ಊರು, ಬೀದಿ, ಕೊನೆಗೆ ಮನೆ. 'ಸಿ' ಡ್ರೈವ್ ಎಂಬುದು ರಾಜ್ಯ. ಅದರೊಳಗೆ ಒಂದು ಫೋಲ್ಡರ್, ಅದರೊಳಗೆ ಇನ್ನೊಂದು, ಹೀಗೆ. ಪರದೆಯ ಮೇಲೆ ಈ ಹೆಸರುಗಳೆಲ್ಲ ಇಂಗ್ಲಿಷ್ ಅಕ್ಷರದಲ್ಲಿ ಕಾಣುತ್ತವೆ. ನಾನು ಇಲ್ಲಿ ಬಾನುಲಿಯಲ್ಲಿ ಓದಿದ ಹಾಗೆ ಉಚ್ಚಾರವನ್ನು ಬರೆಯುತ್ತೇನೆ, ನೀವು ಹೊಂದಿಸಿಕೊಳ್ಳಿ.

ಇನ್ನೊಂದು ಮುಖ್ಯ ಮಾತು. ಹುಡುಕಲು ಹೊರಡುವ ಮೊದಲು ಆಟವನ್ನು ಯಾವ ಅಂಗಡಿಯಿಂದ ಕೊಂಡಿರಿ ಎಂದು ನೆನಪು ಮಾಡಿಕೊಳ್ಳಿ. ಅಂಗಡಿ ಬೇರೆಯಾದರೆ ವಿಳಾಸವೂ ಬೇರೆ. ಸ್ಟೀಮ್ ಎಂಬ ಅಂಗಡಿಯಿಂದ ಕೊಂಡಿದ್ದರೆ ಒಂದು ಜಾಗ. ಮೆಟಾ ಕಂಪನಿಯ ಕಂಪ್ಯೂಟರ್ ಅಂಗಡಿಯಿಂದ ಕೊಂಡಿದ್ದರೆ ಇನ್ನೊಂದು. ಕ್ವೆಸ್ಟ್ ಹೆಡ್‌ಸೆಟ್ ಒಳಗಿನಿಂದಲೇ ಕೊಂಡಿದ್ದರೆ ಆಟ ಕಂಪ್ಯೂಟರಿನಲ್ಲಿ ಇಲ್ಲವೇ ಇಲ್ಲ! ಕಂಕುಳಲ್ಲಿ ಮಗು ಇಟ್ಟುಕೊಂಡು ಊರೆಲ್ಲ ಹುಡುಕಿದರಂತೆ ಎಂಬ ಗಾದೆ ಇಲ್ಲಿ ಸರಿಯಾಗಿ ಹೊಂದುತ್ತದೆ. ತಲೆಗೆ ಕಟ್ಟಿಕೊಂಡ ಹೆಡ್‌ಸೆಟ್ ಒಳಗೇ ಆಟ ಇರುತ್ತದೆ, ನಾವು 'ಸಿ' ಡ್ರೈವ್ ಎಲ್ಲ ಜಾಲಾಡುತ್ತೇವೆ.

ಒಂದನೆಯ ದಾರಿ: ಸ್ಟೀಮ್

ಇದು ಎಲ್ಲಕ್ಕಿಂತ ಸುಲಭ. ಸ್ಟೀಮ್ ತಂತ್ರಾಂಶ ತೆರೆಯಿರಿ. ಮೇಲೆ ಲೈಬ್ರರಿ ಎಂದಿರುತ್ತದೆ, ಒತ್ತಿ. ಎಡಗಡೆಯ ಪಟ್ಟಿಯಲ್ಲಿ ಬೀಟ್ ಸೇಬರ್ ಹೆಸರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ. ಮ್ಯಾನೇಜ್ ಎಂಬುದರ ಮೇಲೆ ಹೋದರೆ 'ಬ್ರೌಸ್ ಲೋಕಲ್ ಫೈಲ್ಸ್' ಎಂದು ಕಾಣುತ್ತದೆ. ಅದನ್ನು ಒತ್ತಿದ ತಕ್ಷಣ ಒಂದು ಕಿಟಕಿ ತೆರೆದುಕೊಳ್ಳುತ್ತದೆ. ಆಯಿತು, ನೀವು ಆಟದ ಮನೆಯೊಳಗೆ ನಿಂತಿದ್ದೀರಿ.

ಕಿಟಕಿಯ ಮೇಲ್ಭಾಗದ ಪಟ್ಟಿಯಲ್ಲಿ ವಿಳಾಸ ಓದಿಕೊಳ್ಳಿ. ಏನೂ ಬದಲಿಸದೆ ಸ್ಥಾಪಿಸಿದ್ದರೆ ಅದು ಹೀಗಿರುತ್ತದೆ: ಸಿ ಡ್ರೈವ್, ಅದರೊಳಗೆ ಪ್ರೋಗ್ರಾಮ್ ಫೈಲ್ಸ್. ಗಮನವಿರಲಿ, ಆ ಹೆಸರಿನವು ಎರಡು ಇರುತ್ತವೆ. ಪಕ್ಕದಲ್ಲಿ ಆವರಣ ಚಿಹ್ನೆಯೊಳಗೆ ಎಕ್ಸ್ 86 ಎಂದು ಇರುವುದು ನಮಗೆ ಬೇಕಾದದ್ದು. ಅದರೊಳಗೆ ಸ್ಟೀಮ್, ಅದರೊಳಗೆ ಸ್ಟೀಮ್‌ಆಪ್ಸ್, ಅದರೊಳಗೆ ಕಾಮನ್, ಅದರೊಳಗೆ ಬೀಟ್ ಸೇಬರ್.

'ನಮ್ಮಲ್ಲಿ ಆ ಫೋಲ್ಡರ್ ಇಲ್ಲವಲ್ಲ' ಎನ್ನುವವರು ಗಾಬರಿಯಾಗಬೇಡಿ. ಸಿ ಡ್ರೈವ್ ತುಂಬಿದಾಗ ಆಟಗಳನ್ನು ಬೇರೆ ಡ್ರೈವಿಗೆ ಹಾಕಿಕೊಳ್ಳುವುದು ರೂಢಿ. ಆಗ 'ಡಿ' ಡ್ರೈವಿನಲ್ಲಿ ಸ್ಟೀಮ್‌ಲೈಬ್ರರಿ ಎಂಬ ಫೋಲ್ಡರ್ ಇರುತ್ತದೆ, ಅದರೊಳಗೂ ಅದೇ ಸ್ಟೀಮ್‌ಆಪ್ಸ್, ಕಾಮನ್ ಎಂಬ ಸಾಲು. ಎಲ್ಲೇ ಇದ್ದರೂ ಬ್ರೌಸ್ ಲೋಕಲ್ ಫೈಲ್ಸ್ ನಿಮ್ಮನ್ನು ಸರಿಯಾದ ಮನೆಗೇ ಕರೆದೊಯ್ಯುತ್ತದೆ. ಅದಕ್ಕೇ ವಿಳಾಸ ಬಾಯಿಪಾಠ ಮಾಡುವುದಕ್ಕಿಂತ ಈ ದಾರಿ ಒಳ್ಳೆಯದು.

ಸರಿಯಾದ ಮನೆಗೇ ಬಂದಿದ್ದೇವೆ ಎಂಬುದಕ್ಕೆ ಗುರುತು ಏನು? ಬೀಟ್ ಸೇಬರ್ ಎಂಬ ಹೆಸರಿನ ಪ್ರೋಗ್ರಾಮ್ ಕಡತ ಇರಬೇಕು. ಅದರ ಬಾಲ ಇ ಎಕ್ಸ್ ಇ. ಪಕ್ಕದಲ್ಲೇ ಬೀಟ್ ಸೇಬರ್, ಅಂಡರ್‌ಸ್ಕೋರ್, ಡೇಟಾ ಎಂಬ ಫೋಲ್ಡರ್ ಇರಬೇಕು. ಯೂನಿಟಿ‌ಪ್ಲೇಯರ್ ಎಂಬ ಕಡತವೂ ಇರುತ್ತದೆ. ಯೂನಿಟಿ ಎಂಬುದು ಈ ಆಟವನ್ನು ಕಟ್ಟಲು ಬಳಸಿದ ತಂತ್ರಾಂಶದ ಹೆಸರು. ಈ ಮೂರೂ ಕಂಡರೆ ಸರಿಯಾದ ಜಾಗ. ವಿಂಡೋಸ್ ಸಾಮಾನ್ಯವಾಗಿ ಕಡತದ ಬಾಲವನ್ನು ಮುಚ್ಚಿಡುತ್ತದೆ, ಹಾಗಾಗಿ ಇ ಎಕ್ಸ್ ಇ ಕಾಣದಿದ್ದರೆ ವ್ಯೂ ಎಂಬ ಪಟ್ಟಿಯಲ್ಲಿ ಫೈಲ್ ನೇಮ್ ಎಕ್ಸ್‌ಟೆನ್ಶನ್ಸ್ ಎಂಬುದಕ್ಕೆ ಗುರುತು ಹಾಕಿ.

ಎರಡನೆಯ ದಾರಿ: ಮೆಟಾದ ಕಂಪ್ಯೂಟರ್ ಅಂಗಡಿ

ಮೊದಲು ಆಕ್ಯುಲಸ್ ಎಂದು ಕರೆಸಿಕೊಳ್ಳುತ್ತಿದ್ದ ಅಂಗಡಿ ಇದು. ಇಲ್ಲಿಂದ ಕೊಂಡು ಕಂಪ್ಯೂಟರಿಗೆ ಹಾಕಿಕೊಂಡಿದ್ದವರಿಗೆ ಸ್ಟೀಮ್‌ನಂಥ ಒಂದೇ ಗುಂಡಿಯ ಅನುಕೂಲ ಇಲ್ಲ, ನಡೆದೇ ಹೋಗಬೇಕು. ಆಕ್ಯುಲಸ್ ಹೆಸರಿದ್ದ ಕಾಲದಲ್ಲಿ ಸ್ಥಾಪಿಸಿದ ಕಂಪ್ಯೂಟರುಗಳಲ್ಲಿ ವಿಳಾಸ ಹೀಗೆ: ಸಿ ಡ್ರೈವ್, ಪ್ರೋಗ್ರಾಮ್ ಫೈಲ್ಸ್ (ಈ ಸಲ ಎಕ್ಸ್ 86 ಇಲ್ಲದ್ದು), ಆಕ್ಯುಲಸ್, ಸಾಫ್ಟ್‌ವೇರ್, ಅದರೊಳಗೆ ಮತ್ತೊಂದು ಸಾಫ್ಟ್‌ವೇರ್. ಮುದ್ರಣ ದೋಷವಲ್ಲ, ಎರಡು ಸಲ ಅದೇ ಹೆಸರು.

ಅಲ್ಲಿಗೆ ಹೋದ ಮೇಲೆ ಬೀಟ್ ಸೇಬರ್ ಎಂದು 'ಬಿ' ಅಕ್ಷರದಡಿ ಹುಡುಕಿದರೆ ಸಿಗುವುದಿಲ್ಲ! ಫೋಲ್ಡರಿನ ಹೆಸರು 'ಹೈಪರ್‌ಬಾಲಿಕ್-ಮ್ಯಾಗ್ನೆಟಿಸಂ-ಬೀಟ್-ಸೇಬರ್'. ಆದ್ದರಿಂದ 'ಎಚ್' ಅಕ್ಷರದಡಿ ನೋಡಬೇಕು. ಇದೇನು ವಿಚಿತ್ರ ಹೆಸರು ಎನ್ನುತ್ತೀರಾ? ಬೀಟ್ ಗೇಮ್ಸ್ ಎಂಬ ಕಂಪನಿ ಆಗುವುದಕ್ಕೆ ಮೊದಲು ಆ ಪ್ರಾಗಿನ ಗೆಳೆಯರ ತಂಡದ ಹೆಸರು ಹೈಪರ್‌ಬಾಲಿಕ್ ಮ್ಯಾಗ್ನೆಟಿಸಂ. ಕಂಪನಿಯ ಹೆಸರು ಬದಲಾಯಿತು, ಒಡೆಯರು ಬದಲಾದರು, ಆದರೆ ಫೋಲ್ಡರಿನ ಹೆಸರು ಉಳಿದುಕೊಂಡಿತು. ಮನೆ ಮಾರಿ ಮೂವತ್ತು ವರ್ಷವಾದರೂ ಊರವರು 'ಪಟೇಲರ ಮನೆ' ಎಂದೇ ಕರೆಯುವುದಿಲ್ಲವೇ, ಹಾಗೆ.

ಮೂರನೆಯ ದಾರಿ: ಕ್ವೆಸ್ಟ್ ಹೆಡ್‌ಸೆಟ್

ಪುಣೆಯ ನಮ್ಮ ಕೇಳುಗರದು ಇದೇ. ಬಹಳ ಮನೆಗಳಲ್ಲಿ ಇರುವುದೂ ಇದೇ. ಕ್ವೆಸ್ಟ್ ಎಂಬುದು ಒಳಗಿನಿಂದ ಒಂದು ಆಂಡ್ರಾಯ್ಡ್ ಯಂತ್ರ. ಮುಖಕ್ಕೆ ಕಟ್ಟಿಕೊಳ್ಳುವ ಫೋನು ಎಂದುಕೊಳ್ಳಿ. ಆಟ ಅದರೊಳಗೇ ಸ್ಥಾಪಿತವಾಗಿರುತ್ತದೆ.

ಯುಎಸ್‌ಬಿ ತಂತಿಯಿಂದ ಹೆಡ್‌ಸೆಟ್ಟನ್ನು ಕಂಪ್ಯೂಟರಿಗೆ ಜೋಡಿಸಿ. ಆಮೇಲೆ ಹೆಡ್‌ಸೆಟ್ ಹಾಕಿಕೊಂಡು ನೋಡಿ, ಕಡತಗಳನ್ನು ನೋಡಲು ಕಂಪ್ಯೂಟರಿಗೆ ಅನುಮತಿ ಕೊಡಲೇ ಎಂದು ಅದು ಕೇಳುತ್ತದೆ. ಒಪ್ಪಿಗೆ ಕೊಡದಿದ್ದರೆ ಕಂಪ್ಯೂಟರಿನಲ್ಲಿ ಖಾಲಿ ಫೋಲ್ಡರ್ ಮಾತ್ರ ಕಾಣುತ್ತದೆ. ಎಷ್ಟೋ ಜನ ಇಲ್ಲಿಯೇ ಸೋತು ಕೈಬಿಡುತ್ತಾರೆ. ತಂತಿ ಕೆಟ್ಟಿದೆ ಎಂದು ಹೊಸ ತಂತಿ ಕೊಳ್ಳುವವರೂ ಉಂಟು. ಚಾರ್ಜಿಂಗಿಗೆ ಮಾತ್ರ ಇರುವ ತಂತಿಯಾದರೆ ನಿಜಕ್ಕೂ ಕೆಲಸ ಆಗುವುದಿಲ್ಲ ಅನ್ನಿ, ಆದರೆ ಮೊದಲು ಅನುಮತಿ ನೋಡಿಕೊಳ್ಳಿ.

ಒಳಗೆ ಹೋದ ಮೇಲೆ ಬೀಟ್ ಸೇಬರ್‌ಗೆ ಸಂಬಂಧಿಸಿದ ವಸ್ತುಗಳು ಒಂದೇ ಕಡೆ ಇರುವುದಿಲ್ಲ. ಆಂಡ್ರಾಯ್ಡ್‌ನಲ್ಲಿ ಪ್ರತಿ ಆಟಕ್ಕೂ ಒಂದು ಉದ್ದನೆಯ ನಿಜನಾಮ ಇರುತ್ತದೆ. ಇದರದು 'ಕಾಮ್ ಡಾಟ್ ಬೀಟ್‌ಗೇಮ್ಸ್ ಡಾಟ್ ಬೀಟ್‌ಸೇಬರ್'. ಈ ಹೆಸರಿನ ಫೋಲ್ಡರ್ ಮೂರು ಕಡೆ ಕಾಣಬಹುದು.

ಆಂಡ್ರಾಯ್ಡ್ ಎಂಬ ಫೋಲ್ಡರಿನೊಳಗೆ 'ಡೇಟಾ' ಎಂಬುದರಲ್ಲಿ ಇರುವುದು ನಿಮ್ಮ ಅಂಕಗಳು, ಆಯ್ಕೆಗಳು. ಅದೇ ಆಂಡ್ರಾಯ್ಡ್ ಒಳಗೆ 'ಓ ಬಿ ಬಿ' ಎಂಬುದರಲ್ಲಿ ಇರುವುದು ಆಟದ ದೊಡ್ಡ ಸಾಮಾನುಗಳು. ಆಂಡ್ರಾಯ್ಡ್ ಹೊರಗೆ 'ಮಾಡ್‌ಡೇಟಾ' ಎಂಬ ಫೋಲ್ಡರಿನಲ್ಲಿ ಇರುವುದು ಮಾಡ್‌ಗಳದು. ಮಾಡ್ ಹಾಕಿದ ಮೇಲಷ್ಟೇ ಇದು ಹುಟ್ಟುತ್ತದೆ, ಮೊದಲು ಕಾಣುವುದಿಲ್ಲ.

ಆಟದ ಮೂಲ ಪ್ರೋಗ್ರಾಮ್, ಅಂದರೆ ಎ ಪಿ ಕೆ ಕಡತ, ಈ ಯಾವುದರಲ್ಲೂ ಇಲ್ಲ. ಅದನ್ನು ಆಂಡ್ರಾಯ್ಡ್ ತನ್ನ ಒಳಕೋಣೆಯಲ್ಲಿ ಬೀಗ ಹಾಕಿ ಇಟ್ಟಿರುತ್ತದೆ. ತಂತಿ ಜೋಡಿಸಿದ ಮಾತ್ರಕ್ಕೆ ಅದು ಕಾಣದು. ಅದಕ್ಕಾಗಿಯೇ ಕ್ವೆಸ್ಟ್‌ನಲ್ಲಿ ಮಾಡ್ ಹಾಕಲು ಹೆಡ್‌ಸೆಟ್ಟನ್ನು ಡೆವಲಪರ್ ಮೋಡ್ ಎಂಬ ಸ್ಥಿತಿಗೆ ತರಬೇಕು. ಆಮೇಲೆ 'ಮಾಡ್ಸ್ ಬಿಫೋರ್ ಫ್ರೈಡೇ' ಅಥವಾ 'ಕ್ವೆಸ್ಟ್‌ಪ್ಯಾಚರ್'ನಂಥ ಸಹಾಯಕ ತಂತ್ರಾಂಶವನ್ನು ಬಳಸಬೇಕು. ಅದು ಬೀಗದ ಕೋಣೆಯಿಂದ ಎ ಪಿ ಕೆ ತೆಗೆದು, ಮಾರ್ಪಡಿಸಿ, ಮತ್ತೆ ಸ್ಥಾಪಿಸುತ್ತದೆ.

ಹಾಡು ಯಾವ ಕೋಣೆಯಲ್ಲಿ?

ಮನೆ ಸಿಕ್ಕಿತು, ಇನ್ನು ಕೋಣೆ. ಕಂಪ್ಯೂಟರಿನ ಆಟವಾದರೆ ಬೀಟ್ ಸೇಬರ್ ಡೇಟಾ ಎಂಬ ಫೋಲ್ಡರಿನೊಳಗೆ 'ಕಸ್ಟಮ್‌ಲೆವೆಲ್ಸ್' ಎಂಬುದಕ್ಕೆ ಹೋಗಿ. ಕ್ವೆಸ್ಟ್ ಆದರೆ ಮಾಡ್‌ಡೇಟಾ ಒಳಗೆ ಆ ಉದ್ದ ಹೆಸರಿನ ಫೋಲ್ಡರ್, ಅದರೊಳಗೆ ಮಾಡ್ಸ್, ಅದರೊಳಗೆ ಸಾಂಗ್‌ಕೋರ್, ಅದರೊಳಗೆ ಕಸ್ಟಮ್‌ಲೆವೆಲ್ಸ್. ಒಂದು ಹಾಡಿಗೆ ಒಂದು ಫೋಲ್ಡರ್.

ಆ ಒಂದು ಫೋಲ್ಡರಿನಲ್ಲಿ ಏನೇನು ಇರಬೇಕು? ಇನ್ಫೋ ಎಂಬ ಕಡತ ಬೇಕು, ಅದು ಜಾತಕ ಇದ್ದಂತೆ. ಹಾಡಿನ ಹೆಸರು, ಹಾಡಿದವರು, ನಿಮಿಷಕ್ಕೆ ಎಷ್ಟು ಪೆಟ್ಟು ಎಂಬ ವಿವರ ಅದರಲ್ಲಿರುತ್ತದೆ. ಆಮೇಲೆ ಯಾವ ಕ್ಷಣದಲ್ಲಿ ಯಾವ ಬಣ್ಣದ ಚೌಕ ಎಲ್ಲಿಂದ ಬರಬೇಕು ಎಂಬ ಪಟ್ಟಿಯ ಕಡತ. ಸುಲಭ, ಕಠಿಣ ಎಂದು ಹಂತ ಎಷ್ಟಿದೆಯೋ ಅಷ್ಟು ಕಡತ. ಒಂದು ಚೌಕಾಕಾರದ ಮುಖಚಿತ್ರ. ಮತ್ತು ಹಾಡು.

ಈ ಹಾಡಿನ ಕಡತದ ಬಾಲ ನೋಡಿದರೆ ನಿಮಗೆ ನಗು ಬಂದೀತು. 'ಎಗ್' ಎಂದಿರುತ್ತದೆ, ಮೊಟ್ಟೆ! ನಿಜದಲ್ಲಿ ಅದು 'ಆಗ್' ಎಂಬ ಮಾದರಿಯ ಧ್ವನಿ ಕಡತ, ಒಂದು ಅಕ್ಷರ ಬದಲಿಸಿದ್ದಾರೆ ಅಷ್ಟೆ. ಕ್ಯಾಸೆಟ್ಟಿನಿಂದ ಇಳಿಸಿದ್ದು ಎಂಪಿ3 ಆಗಿದ್ದರೆ ಅದನ್ನು ಆಗ್ ಮಾದರಿಗೆ ಬದಲಿಸಿಕೊಳ್ಳಬೇಕು. ಆಡಾಸಿಟಿ ಎಂಬ ಉಚಿತ ತಂತ್ರಾಂಶ ಇದನ್ನು ಮಾಡುತ್ತದೆ. ಬರೀ ಹೆಸರಿನ ಬಾಲ ತಿದ್ದಿದರೆ ಎಂಪಿ3 ಆಗ್ ಆಗುವುದಿಲ್ಲ. ಪಂಚೆ ಉಟ್ಟವನಿಗೆಲ್ಲ ಭಾಗವತಿಕೆ ಬರುತ್ತದೆಯೇ?

ಇಲ್ಲಿ ಒಂದು ಮಾತು ಸ್ಪಷ್ಟವಾಗಲಿ. ಹಾಡನ್ನು ತಂದು ಫೋಲ್ಡರಿಗೆ ಹಾಕಿದ ಮಾತ್ರಕ್ಕೆ ಚೌಕಗಳು ತಾವಾಗಿ ಹುಟ್ಟುವುದಿಲ್ಲ. ಪ್ರತಿ ಪೆಟ್ಟಿಗೂ ಚೌಕವನ್ನು ಕೂರಿಸಬೇಕು. ಇದಕ್ಕೆ ಕ್ರೋಮ್ಯಾಪರ್ ಎಂಬ ತಂತ್ರಾಂಶ ಇದೆ. ಮೂರು ನಿಮಿಷದ ಹಾಡಿಗೆ ಎಷ್ಟೋ ಸಂಜೆಗಳು ಬೇಕಾಗುತ್ತವೆ. ಅದರಲ್ಲೂ ಸ್ಟುಡಿಯೋದಲ್ಲಿ ಯಂತ್ರದ ತಾಳಕ್ಕೆ ಮಾಡಿದ ಹಾಡು ಮೊದಲಿಂದ ಕೊನೆವರೆಗೆ ಒಂದೇ ವೇಗದಲ್ಲಿರುತ್ತದೆ. ಚೆಂಡೆ ಹಾಗಲ್ಲ. ವಿಳಂಬದಲ್ಲಿ ಶುರುವಾಗಿ ಯುದ್ಧದ ಸನ್ನಿವೇಶಕ್ಕೆ ಬರುವಾಗ ಏರುತ್ತಾ ಹೋಗುತ್ತದೆ. ಹಾಗಾಗಿ ವೇಗ ಬದಲಾದ ಕಡೆಯೆಲ್ಲ ಗುರುತು ಹಾಕಿ ಲೆಕ್ಕ ತಿದ್ದಬೇಕು. ಇಲ್ಲವಾದರೆ ಎರಡನೇ ನಿಮಿಷಕ್ಕೆ ಚೌಕ ಒಂದು ಕಡೆ, ಪೆಟ್ಟು ಒಂದು ಕಡೆ. ಶುರುವಿನಲ್ಲಿ ಎರಡು ಸೆಕೆಂಡು ಮೌನ ಸೇರಿಸುವುದನ್ನು ಮರೆಯಬೇಡಿ, ಆಡುವವರಿಗೆ ಕತ್ತಿ ಎತ್ತಲು ಅಷ್ಟಾದರೂ ಸಮಯ ಬೇಕಲ್ಲ.

ಮಾಡುತ್ತಿರುವ ಹಂತದ ಹಾಡುಗಳಿಗೆಂದೇ ಕಂಪ್ಯೂಟರಿನ ಸಾಂಗ್‌ಕೋರ್‌ನಲ್ಲಿ 'ಕಸ್ಟಮ್‌ವಿಪ್‌ಲೆವೆಲ್ಸ್' ಎಂಬ ಬೇರೆ ಫೋಲ್ಡರ್ ಇದೆ. ಅದರಲ್ಲಿಟ್ಟ ಹಾಡನ್ನು ಅಭ್ಯಾಸಕ್ಕೆಂದು ಮಾತ್ರ ಆಡಬಹುದು. ಪೂರ್ತಿಯಾದ ಮೇಲೆ ದೊಡ್ಡ ಮನೆಗೆ ಸಾಗಿಸಿ.

ಅಂಕಗಳ ಪೆಟ್ಟಿಗೆ ಬೇರೆ ಕಡೆ

ಈಗ ಎಲ್ಲರೂ ಮರೆಯುವ ಜಾಗ. ಕಂಪ್ಯೂಟರಿನ ಆಟದಲ್ಲಿ ನಿಮ್ಮ ಮಕ್ಕಳು ತಿಂಗಳುಗಟ್ಟಲೆ ಬೆವರು ಸುರಿಸಿ ಗಳಿಸಿದ ಅಂಕಗಳು ಆಟದ ಫೋಲ್ಡರಿನಲ್ಲಿ ಇರುವುದಿಲ್ಲ. ಅವು ನಿಮ್ಮ ಬಳಕೆದಾರ ಹೆಸರಿನ ಫೋಲ್ಡರಿನೊಳಗೆ ಆಪ್‌ಡೇಟಾ, ಅದರೊಳಗೆ ಲೋಕಲ್‌ಲೋ, ಅದರೊಳಗೆ ಮತ್ತೆ ನಮ್ಮ ಹಳೆಯ ಪರಿಚಯದ ಹೈಪರ್‌ಬಾಲಿಕ್ ಮ್ಯಾಗ್ನೆಟಿಸಂ, ಅದರೊಳಗೆ ಬೀಟ್ ಸೇಬರ್ ಎಂಬಲ್ಲಿ ಇರುತ್ತವೆ. ಪ್ಲೇಯರ್‌ಡೇಟಾ ಎಂಬ ಕಡತವೇ ಆ ಪೆಟ್ಟಿಗೆ. ಆಪ್‌ಡೇಟಾವನ್ನು ವಿಂಡೋಸ್ ಮರೆಮಾಡಿ ಇಟ್ಟಿರುತ್ತದೆ. ವ್ಯೂ ಪಟ್ಟಿಯಲ್ಲಿ ಹಿಡನ್ ಐಟಮ್ಸ್ ಎಂಬುದಕ್ಕೆ ಗುರುತು ಹಾಕಿದರೆ ಮಸುಕಾಗಿ ಕಾಣಿಸಿಕೊಳ್ಳುತ್ತದೆ.

ಕ್ವೆಸ್ಟ್‌ನವರಿಗೆ ಇದು ಇನ್ನೂ ಮುಖ್ಯ. ಎ ಪಿ ಕೆ ಮಾರ್ಪಡಿಸಿದಾಗ ಕಂಪನಿ ಹಾಕಿದ ಸಹಿ ಅಳಿಸಿಹೋಗುತ್ತದೆ. ಸಹಿ ಬದಲಾದ ಪ್ರೋಗ್ರಾಮನ್ನು ಹಳೆಯದರ ಮೇಲೆ ಹಾಕಲು ಆಂಡ್ರಾಯ್ಡ್ ಬಿಡುವುದಿಲ್ಲ. ಆದ್ದರಿಂದ ಹಳೆಯದನ್ನು ತೆಗೆದೇ ಹೊಸದನ್ನು ಸ್ಥಾಪಿಸಬೇಕು. ತೆಗೆದಾಗ ಆಂಡ್ರಾಯ್ಡ್ ಡೇಟಾದೊಳಗಿನ ಆ ಆಟದ ಫೋಲ್ಡರ್ ಕೂಡ ಹೋಗುತ್ತದೆ, ಅದರೊಂದಿಗೆ ಅಂಕಗಳೂ. ಮೊದಲೇ ಪ್ಲೇಯರ್‌ಡೇಟಾ ಕಡತದ ಪ್ರತಿ ಮಾಡಿ ಕಂಪ್ಯೂಟರಿಗೆ ಹಾಕಿಕೊಂಡಿದ್ದರೆ ಮತ್ತೆ ತಂದು ಅದೇ ಜಾಗದಲ್ಲಿ ಇಡಬಹುದು. ಹತ್ತು ವರ್ಷದ ಮಗಳ ದಾಖಲೆ ಅಳಿಸಿದರೆ ಮನೆಯಲ್ಲಿ ಏನಾಗುತ್ತದೆ ಎಂದು ನಾನು ಹೇಳಬೇಕಿಲ್ಲ.

ಮುಟ್ಟುವ ಮೊದಲು ನಾಲ್ಕು ಮಾತು

ಒಂದು. ಮಾಡ್ ಹಾಕುವ ಮೊದಲು ಆಟವನ್ನು ಒಮ್ಮೆಯಾದರೂ ಹಾಗೆಯೇ ಆಡಿ ಮುಚ್ಚಿ. ಕೆಲವು ಕಡತಗಳು ಮೊದಲ ಓಟದಲ್ಲೇ ಹುಟ್ಟುತ್ತವೆ.

ಎರಡು. ಮಾಡ್ ಮತ್ತು ಆಟದ ಆವೃತ್ತಿ ಒಂದಕ್ಕೊಂದು ಹೊಂದಬೇಕು. ಆಟಕ್ಕೆ ಹೊಸ ಆವೃತ್ತಿ ಬಂದಾಗಲೆಲ್ಲ ಹಳೆಯ ಮಾಡ್‌ಗಳು ಮುರಿದು ಬೀಳುವುದು ಸಾಮಾನ್ಯ. ಆದ್ದರಿಂದಲೇ ಮಾಡ್ ಪ್ರಿಯರು ಹಳೆಯ ಆವೃತ್ತಿಯನ್ನೇ ಉಳಿಸಿಕೊಳ್ಳುತ್ತಾರೆ. ಕಂಪ್ಯೂಟರಿನಲ್ಲಿ ಬಿ ಎಸ್ ಮ್ಯಾನೇಜರ್ ಎಂಬ ತಂತ್ರಾಂಶ ಬೇಕಾದ ಆವೃತ್ತಿಯನ್ನು ಬೇರೆಯೇ ಫೋಲ್ಡರಿನಲ್ಲಿ ಇಟ್ಟುಕೊಡುತ್ತದೆ. ಇದನ್ನು ಬಳಸುವವರು ನೆನಪಿಡಿ, ಆಗ ನೀವು ಆಡುವ ಆಟ ಸ್ಟೀಮ್ ಫೋಲ್ಡರಿನದಲ್ಲ. ಸ್ಟೀಮ್ ಫೋಲ್ಡರಿಗೆ ಹಾಡು ಹಾಕಿ 'ಕಾಣಿಸುತ್ತಿಲ್ಲ' ಎಂದು ಪರದಾಡುವವರಲ್ಲಿ ಬಹಳ ಮಂದಿಯ ತೊಂದರೆ ಇದೇ. ಒಂದೇ ಹೆಸರಿನ ಎರಡು ಮನೆ, ಸಾಮಾನು ಒಂದರಲ್ಲಿ, ಸಂಸಾರ ಇನ್ನೊಂದರಲ್ಲಿ!

ಮೂರು. ಏನಾದರೂ ಕೆಟ್ಟರೆ ಸ್ಟೀಮ್‌ನಲ್ಲಿ ಆಟದ ಪ್ರಾಪರ್ಟೀಸ್ ತೆರೆದು ಇನ್‌ಸ್ಟಾಲ್ಡ್ ಫೈಲ್ಸ್ ಎಂಬಲ್ಲಿ 'ವೆರಿಫೈ' ಎಂಬುದನ್ನು ಒತ್ತಿ. ಕಾಣೆಯಾದ, ಬದಲಾದ ಮೂಲ ಕಡತಗಳನ್ನು ಅದು ಮತ್ತೆ ತಂದಿಡುತ್ತದೆ. ಆದರೆ ನೀವು ಹೊಸದಾಗಿ ಸೇರಿಸಿದ್ದನ್ನು ಅದು ತೆಗೆಯುವುದಿಲ್ಲ. ಪ್ಲಗಿನ್ಸ್, ಲಿಬ್ಸ್, ಐಪಿಎ ಎಂಬ ಮಾಡ್ ಫೋಲ್ಡರುಗಳನ್ನು ನೀವೇ ತೆಗೆಯಬೇಕು.

ನಾಲ್ಕು. ಎಲ್ಲೆಂದರಲ್ಲಿ ಸಿಗುವ 'ಉಚಿತ ಮಾಡ್ ಸಹಿತ ಆಟ'ವನ್ನು ಇಳಿಸಿಕೊಳ್ಳಬೇಡಿ. ಅದು ಕದ್ದ ಮಾಲು, ಜೊತೆಗೆ ವೈರಸ್ ಉಡುಗೊರೆ. ಮಾಡ್ ಕೂಡ ಒಂದು ಪ್ರೋಗ್ರಾಮೇ, ನಿಮ್ಮ ಕಂಪ್ಯೂಟರಿನಲ್ಲಿ ಏನು ಬೇಕಾದರೂ ಮಾಡಬಲ್ಲದು. ಬ್ಯಾಂಕಿನ ವ್ಯವಹಾರವನ್ನೂ ಅದೇ ಕಂಪ್ಯೂಟರಿನಲ್ಲಿ ಮಾಡುವವರು ಎರಡು ಸಲ ಯೋಚಿಸಿ. ಆಫೀಸಿನವರು ಕೊಟ್ಟ ಲ್ಯಾಪ್‌ಟಾಪಿನಲ್ಲಂತೂ ಬೇಡವೇ ಬೇಡ.

ಹಾಡಿನ ಹಕ್ಕಿನ ಬಗ್ಗೆಯೂ ಒಂದು ಮಾತು. ನಾವು ಬಾನುಲಿಯವರು ಹಾಡು ಹಾಕುವುದಕ್ಕೆ ಹಕ್ಕುದಾರರಿಗೆ ಹಣ ಕಟ್ಟುವವರು, ಅದರ ಬಿಸಿ ಗೊತ್ತು. ತಂದೆಯ ಚೆಂಡೆ, ಅಮ್ಮನ ಬೀಸುವ ಹಾಡು, ಮಗಳ ವೀಣೆ ಎಲ್ಲ ನಿಮ್ಮದೇ. ಚಲನಚಿತ್ರದ ಹಾಡಿಗೆ ಚೌಕ ಕೂರಿಸಿ ಊರಿಗೆಲ್ಲ ಹಂಚುವುದು ಬೇರೆಯೇ ವಿಷಯ. ಮೇಳದ ಧ್ವನಿಮುದ್ರಣವಾದರೆ ಭಾಗವತರದ್ದೂ, ಮದ್ದಳೆಯವರದ್ದೂ ಪಾಲಿರುತ್ತದೆ. ಮನೆಯೊಳಗೆ ಆಡಿ ಸಂತೋಷಪಡಿ, ಹೊರಗೆ ಹಂಚುವ ಮುಂಚೆ ಅವರನ್ನೋ ಅವರ ಮನೆಯವರನ್ನೋ ಕೇಳಿ.

ಕೊನೆಯದಾಗಿ, ಪುಣೆಯವರಿಗೆ

ಎಲ್ಲಕ್ಕಿಂತ ಮುಖ್ಯವಾದದ್ದನ್ನು ಕೊನೆಗೆ ಉಳಿಸಿಕೊಂಡಿದ್ದೇನೆ. ಕ್ಯಾಸೆಟ್ಟಿನಿಂದ ಇಳಿಸಿದ ಆ ಕಡತವನ್ನು ದಯವಿಟ್ಟು ಆಟದ ಫೋಲ್ಡರಿಗೆ 'ಕಟ್' ಮಾಡಿ ಹಾಕಬೇಡಿ, 'ಕಾಪಿ' ಮಾಡಿ ಹಾಕಿ. ಆಟದ ಫೋಲ್ಡರ್ ಬಾಡಿಗೆ ಮನೆ. ಇಂದು ಇದೆ, ನಾಳೆ ಹೆಡ್‌ಸೆಟ್ ಕೆಟ್ಟು ಫ್ಯಾಕ್ಟರಿ ರೀಸೆಟ್ ಮಾಡಿದರೆ ಮಾಡ್‌ಡೇಟಾ ಸಮೇತ ಎಲ್ಲ ಸ್ವಚ್ಛ. ಮಗ ಜಾಗ ಸಾಲದೆಂದು ಫೋಲ್ಡರ್ ಅಳಿಸಿದರೂ ಅಷ್ಟೇ. ಆಟ ಮತ್ತೆ ಅಂಗಡಿಯಿಂದ ಬರುತ್ತದೆ. ತಂದೆಯವರ ಚೆಂಡೆ ಬರುವುದಿಲ್ಲ.

ಮೂಲ ಕಡತದ ಒಂದು ಪ್ರತಿ ಕಂಪ್ಯೂಟರಿನಲ್ಲಿ ಬೇರೆ ಫೋಲ್ಡರಿನಲ್ಲಿರಲಿ, ಒಂದು ಪ್ರತಿ ಪೆನ್‌ಡ್ರೈವಿನಲ್ಲೋ ಹಾರ್ಡ್‌ಡಿಸ್ಕಿನಲ್ಲೋ ಇರಲಿ, ಇನ್ನೊಂದು ಊರಿನಲ್ಲಿರುವ ಅಣ್ಣನಿಗೋ ಅಕ್ಕನಿಗೋ ಕಳಿಸಿಡಿ. ಆಟಕ್ಕೆ ಕತ್ತರಿಸಿದ, ಮೌನ ಸೇರಿಸಿದ ಪ್ರತಿ ಬೇರೆ, ಮುಟ್ಟದ ಮೂಲ ಬೇರೆ. ಕ್ಯಾಸೆಟ್ಟನ್ನೂ ಎಸೆಯಬೇಡಿ. ತೇವ, ಬಿಸಿಲು, ಸ್ಪೀಕರಿನ ಅಯಸ್ಕಾಂತ ಇವುಗಳಿಂದ ದೂರ ಇಡಿ. ಕಡತದ ಹೆಸರು 'ಟ್ರ್ಯಾಕ್ 1' ಎಂದಿದ್ದರೆ ಇವತ್ತೇ ಬದಲಿಸಿ. ಯಾರು ಬಾರಿಸಿದ್ದು, ಯಾವ ಊರು, ಯಾವ ಪ್ರಸಂಗ, ಯಾವ ವರ್ಷ ಎಂದು ಗೊತ್ತಿದ್ದಷ್ಟು ಬರೆದಿಡಿ. ಇನ್ನು ಇಪ್ಪತ್ತು ವರ್ಷಕ್ಕೆ ನಿಮ್ಮ ಮಕ್ಕಳು ಹುಡುಕುವಾಗ ಅವರಿಗೂ ವಿಳಾಸ ಬೇಕಲ್ಲವೇ?

ಹೊರನಾಡಿನಲ್ಲಿ ಬೆಳೆಯುವ ನಮ್ಮ ಮಕ್ಕಳಿಗೆ ಕನ್ನಡ ಓದು ಬರೆಹ ಕಷ್ಟ, ಮಾತು ಅರ್ಧಂಬರ್ಧ. ಆದರೆ ತಾಳಕ್ಕೆ ಲಿಪಿ ಬೇಕಿಲ್ಲ. ಕೈ ಕಲಿತದ್ದನ್ನು ಬಾಯಿ ಒಂದಲ್ಲ ಒಂದು ದಿನ ಕೇಳುತ್ತದೆ, 'ಅಜ್ಜ ಬಾರಿಸಿದ್ದು ಯಾವ ಪ್ರಸಂಗಕ್ಕೆ?' ಎಂದು. ಆಗ ಕತೆ ಹೇಳಲು ನೀವು ಸಿದ್ಧರಾಗಿರಿ.

ಹುಡುಕುವಾಗ ಎಲ್ಲಿ ಸಿಕ್ಕಿಹಾಕಿಕೊಂಡಿರಿ ಎಂದು ನಮಗೆ ಬರೆದು ತಿಳಿಸಿ. ಆಟವನ್ನು ಯಾವ ಅಂಗಡಿಯಿಂದ ಕೊಂಡದ್ದು, ಯಾವ ಆವೃತ್ತಿ, ಎಲ್ಲಿಯವರೆಗೆ ಬಂದಿರಿ ಎಂಬ ಮೂರು ವಿವರ ಇದ್ದರೆ ಉತ್ತರಿಸಲು ಸುಲಭ. ಮತ್ತೆ ಅಲೆಗಳ ಮೇಲೆ ಭೇಟಿಯಾಗೋಣ. ಅಲ್ಲಿಯವರೆಗೆ ಕೇಳುತ್ತಿರಿ, ಕೇಳಿಸುತ್ತಿರಿ.

ನಿಮ್ಮ ಕನ್ನಡ ಉದ್ಘೋಷಕ